ಹಾಸದೇ ಉಳಿದ ಕಂಬಳಿ

ಆ ಕಂಬಳಿಯನ್ನು ನಾನು ಒಂದು ದಿನವಾದರೂ ಹಾಸಿದ್ದೆನೇ — ಖಾತ್ರಿಯಿಲ್ಲ. ಹಾಸಿದ್ದೇನೆಂದು ದ್ಯಾಮವ್ವನಿಗೆ ಹೇಳಿದ್ದು ಮಾತ್ರ ಖಾತ್ರಿ. ಆ ಒಂದು ಮಾತಿನಿಂದ ಅವಳ ನಾಯಿ ಹೋಯಿತು.

ಭಾಗ್ಯನಗರದ ನಮ್ಮ ಓಣಿಯಲ್ಲಿ ಎದುರು ಮನೆ ಅವಳದು. ಹಿತ್ತಲಲ್ಲಿ ಆಡುಗಳು, ಅವುಗಳ ಕಾವಲಿಗೆ ಕರಿಯ. ಓಣಿಯೆಲ್ಲ ತನ್ನದೇ ಎಂಬಂತಿದ್ದ ಆ ನಾಯಿ ಬೇರೆ ನಾಯಿ ಕಂಡರೆ ಮೈಮೇಲೆ ಹೋಗುತ್ತಿತ್ತು. ನಾನು ಹೊಸ ನಾಯಿ ತಂದ ದಿನವೇ ಅವಳು ಕರಿಯ ಮಲಗುವ ಕಂಬಳಿ ಹೊತ್ತು ಬಂದಳು. ಇರಕಲ್ಲಗಡದ ಕುರಿಗಾರರ ಮಗಳು. ಎರಡು ಹಿಂಡಿನ ನಾಯಿಗಳನ್ನು ಕೂಡಿಸುವಾಗ ಅವರು ಮಾಡುವುದೇ ಹೀಗಂತೆ.

“ಇದನ್ನ ನಿನ್ನ ನಾಯಿಗೆ ಹಾಸು, ಅದು ಮಲಗೋ ಚೀಲ ನನಗ ಕೊಡು. ಐದು ದಿನ ಒಂದರ ವಾಸನಿ ಒಂದಕ್ಕ ರೂಢಿ ಆಗಲಿ. ಆಮ್ಯಾಲೆ ಎರಡನ್ನೂ ಓಣಿ ಹೊರಗ ಒಯ್ದು ಜೋಡಿ ಅಡ್ಡಾಡಿಸೂಣು. ಭಾಳ ಸಾಲಿ ಕಲತಾಂವ ನೀ, ನಗಬ್ಯಾಡ ಮತ್ತ.”

ನಗಲಿಲ್ಲ — ಅಥವಾ ನಕ್ಕೆನೇನೋ. ವಿಶ್ವವಿದ್ಯಾಲಯದಲ್ಲಿ ಪ್ರಾಣಿಶಾಸ್ತ್ರ ಓದಿದವನು ನಾನು. ನನ್ನ ಪುಸ್ತಕ ಹೇಳಿದ್ದನ್ನೇ ಅವಳೂ ಹೇಳುತ್ತಿದ್ದಾಳೆಂದು ಗೊತ್ತಿತ್ತು. ಆದರೆ ಆಡಿನ ಗಬ್ಬು ನಾರುವ ಆ ಕಂಬಳಿ, ನಮ್ಮ ಪಡಸಾಲೆಯಲ್ಲಿ... ಮೊದಲ ದಿನ ಹಾಸಿ, ಆಮೇಲೆ ಸುತ್ತಿಟ್ಟೆ ಎಂದು ನೆನಪು. ಅಥವಾ ಹಾಗೆ ನೆನಪಿಟ್ಟುಕೊಂಡೆ.

ಅವಳು ಮಾತ್ರ ನನ್ನ ನಾಯಿಯ ಚೀಲವನ್ನು ಐದೂ ದಿನ ಕರಿಯನಿಗೆ ಹಾಸಿದಳು.

ಆರನೇ ದಿನ ಬೆಳಿಗ್ಗೆ ಎರಡನ್ನೂ ಹೊರಗೆ ಒಯ್ದೆವು. ಹತ್ತು ಹೆಜ್ಜೆ ಹೋಗಿರಲಿಲ್ಲ, ಜಗಳ ಹತ್ತಿತು. ಮೊದಲು ಎಗರಿದ್ದು ನನ್ನದು — ಕಂಡೆ, ಹೇಳಲಿಲ್ಲ. ಬಿಡಿಸಲು ಬಂದ ಟೇಲರ್ ಬಸಣ್ಣನ ಕೈಗೆ ಕರಿಯ ಬಾಯಿ ಹಾಕಿತು.

“ಅದನ್ನ ಇಲ್ಲಿ ಇಡಬ್ಯಾಡಬೇ!” ಓಣಿಯವರು ಕೂಗಿದರು. ದ್ಯಾಮವ್ವ ಅವರ ಕಡೆ ತಿರುಗಲೇ ಇಲ್ಲ. ನನ್ನನ್ನು ನೋಡಿ ಕೇಳಿದಳು:

“ಖರೇ ಹೇಳು ತಮ್ಮಾ, ಕಂಬಳಿ ಹಾಸಿದ್ದಿಲ್ಲೋ?”

“ಐದೂ ದಿನ ಹಾಸೀನವ್ವಾ.”

“ಹಂಗಾರ ತಪ್ಪು ನನ್ನ ನಾಯೀದ ಆತು.”

ಅಂದೇ ಕರಿಯನನ್ನು ಇರಕಲ್ಲಗಡದ ತಮ್ಮನ ಹಿಂಡಿಗೆ ಬಿಟ್ಟು ಬಂದಳು. ಕೆಲವು ದಿನಗಳ ಮೇಲೆ ಒಂದು ಮಧ್ಯಾಹ್ನ ಅದು ತಾನೇ ನಡೆದು ಬಂತು, ಕೊರಳಲ್ಲಿ ಹರಿದ ಹಗ್ಗ. ಅವಳ ಹೊಸ್ತಿಲ ಮುಂದೆ ಮಲಗಿತು. ಅವಳು ಕಲ್ಲು ಎತ್ತಿದಳು. ಮೊದಲನೆಯದಕ್ಕೆ ಅದು ಬಾಲ ಅಲ್ಲಾಡಿಸಿತು. ಎರಡನೆಯದು ಬಿದ್ದಾಗ ಎದ್ದು ಹೋಯಿತು. ಎಲ್ಲಿಗೋ ಯಾರಿಗೂ ಗೊತ್ತಿಲ್ಲ. ನಾನು ಕಿಟಕಿಯಲ್ಲಿದ್ದೆ. ಎರಡು ಕಲ್ಲುಗಳ ನಡುವೆ ಒಂದು ಮಾತು ಹೇಳುವಷ್ಟು ಹೊತ್ತಿತ್ತು —

ಇದಾಗಿ ನಾಲ್ಕು ವರ್ಷ. ದ್ಯಾಮವ್ವ ಮತ್ತೆ ನಾಯಿ ಸಾಕಲಿಲ್ಲ. ನಾಳೆ ಬೆಳಿಗ್ಗೆ ಅವಳ ಕಟ್ಟೆಗೆ ಹೋಗಿ ಕೂರುತ್ತೇನೆ. ‘ಒಂದು ದಿನ ಹಾಸಿದ್ದೆ’ ಎನ್ನಬಹುದೇ, ಅಷ್ಟಾದರೂ ನಿಜವೇ ಎಂದು ಹಳೆಯ ಮೊಬೈಲ್ ತೆಗೆದು ನೋಡಿದೆ. ನಾಯಿ ತಂದ ಸಂಭ್ರಮದಲ್ಲಿ ದಿನಾ ಫೋಟೋ ತೆಗೆದಿದ್ದೆ. ಐದೂ ದಿನದವು ಇವೆ. ಐದರಲ್ಲೂ ನಾಯಿ ಮಲಗಿರುವುದು ಬರೀ ಕಲ್ಲುನೆಲದ ಮೇಲೆ.