ನಿಕಲ್ ಬೀಳುವ ಪಿಎಚ್

ಕಳೆದ ಭಾನುವಾರ ಎಲೆಕ್ಟ್ರಾನಿಕ್ ಸಿಟಿಯ ನಮ್ಮ ಮನೆಗೆ ನೀರಿನ ಯಂತ್ರ ಮಾರುವವನೊಬ್ಬ ಬಂದಿದ್ದ. ಲೋಟದ ನೀರಿಗೆ ಎರಡು ಹನಿ ಬಣ್ಣ ಬಿಟ್ಟು, ಅದು ನೀಲಿಯಾದದ್ದನ್ನು ತೋರಿಸಿ, "ಪಿಎಚ್ ಒಂಬತ್ತೂವರೆ ಸಾರ್. ಇದನ್ನ ಕುಡಿದೋರಿಗೆ ವಯಸ್ಸೇ ಆಗಲ್ಲ" ಎಂದ. ನಗು ಬಂತು. ಆದರೆ ಅವನನ್ನು ನೋಡಿ ನಗುವ ಯೋಗ್ಯತೆ ನನಗಿಲ್ಲ. ನಾನೂ ಒಂದು ಕಾಲದಲ್ಲಿ ಪಿಎಚ್ ಸಂಖ್ಯೆಯೊಂದನ್ನು ಕೊಟ್ಟು ಭೇಷ್ ಅನ್ನಿಸಿಕೊಂಡವನೇ.

ಆಗ ಪೀಣ್ಯದಲ್ಲಿ, ನಲ್ಲಿಗಳಿಗೆ ನಿಕಲ್ ಲೇಪಿಸುವ ಕಾರ್ಖಾನೆಯಲ್ಲಿ ಕೆಮಿಸ್ಟ್ ಆಗಿದ್ದೆ. ನಲ್ಲಿ ತೊಳೆದ ಹಸಿರು ನೀರು ಹಿಂದಿನ ತೊಟ್ಟಿಗೆ ಬರುತ್ತಿತ್ತು. ಅದಕ್ಕೆ ಸುಣ್ಣ ಸುರಿದರೆ ಪಿಎಚ್ ಏರಿ, ನಿಕಲ್ ಹೈಡ್ರಾಕ್ಸೈಡ್ ಆಗಿ, ಕೆಸರಿನಂತೆ ತಳಕ್ಕೆ ಕೂರುತ್ತದೆ. ವಿಷವೆಲ್ಲ ಕೆಸರಿನಲ್ಲಿ ಉಳಿದು, ಮೇಲಿನ ತಿಳಿನೀರು ಮಾತ್ರ ಮೋರಿಗೆ. ಆ ಕೆಸರನ್ನು ಬಾಚಿ ತೆಗೆಯುತ್ತಿದ್ದವರು ಮಲ್ಲಮ್ಮ. ಯಾದಗಿರಿ ಕಡೆಯವರು, ರಾಜಗೋಪಾಲನಗರದ ಬಾಡಿಗೆ ಕೋಣೆಯಲ್ಲಿದ್ದರು.

ಮ್ಯಾನೇಜರು ಮಾಲೀಕರ ಅಳಿಯ. ಅವರು ಓದಿದ್ದೇನೆಂದು ಯಾರಿಗೂ ಗೊತ್ತಿರಲಿಲ್ಲ, ಅವರಿಗೂ ಮರೆತಿದ್ದಿರಬೇಕು. ಒಂದು ದಿನ ಕರೆದು, "ಅಷ್ಟೊಂದು ಸುಣ್ಣ ಯಾಕ್ರೀ ಸುರೀತೀರಾ? ನಿಕಲ್ ಕರೆಕ್ಟಾಗಿ ಎಷ್ಟು ಪಿಎಚ್‌ಗೆ ಬೀಳುತ್ತೆ, ಲೆಕ್ಕ ಹಾಕ್ಕೊಡಿ" ಎಂದರು.

ಎಂ.ಎಸ್ಸಿ. ಮುಗಿಸಿದ ಮೇಲೆ ನನ್ನನ್ನು ಯಾರೂ ಲೆಕ್ಕ ಕೇಳಿರಲಿಲ್ಲ. ಪುಳಕಗೊಂಡೆ. ನೀರಿನಲ್ಲಿ ನಿಕಲ್ ಎಷ್ಟಿದೆ, ಅದರ ಹೈಡ್ರಾಕ್ಸೈಡ್ ಎಷ್ಟು ಕರಗಬಲ್ಲದು ಎಂಬುದನ್ನು ಹಿಡಿದು, ಭಾಗಿಸಿ, ವರ್ಗಮೂಲ ತೆಗೆದು, ಲಾಗರಿದಮ್ ಹಾಕಿ ಏಳು ಪಾಯಿಂಟ್ ಆರು ಮೂರು ಎಂದು ಬರೆದುಕೊಟ್ಟೆ. ಎರಡು ದಶಮಾಂಶ ಬೇಕಿತ್ತೇ? ತೊಟ್ಟಿಯ ಪಿಎಚ್ ಮೀಟರಿನಲ್ಲಿ ಒಂದು ದಶಮಾಂಶವೂ ನೆಟ್ಟಗೆ ಬರುತ್ತಿರಲಿಲ್ಲ. ನನ್ನ ಜಂಬಕ್ಕೆ ಬೇಕಿತ್ತು, ಅಷ್ಟೆ.

ಆ ಲೆಕ್ಕ ತಪ್ಪಲ್ಲ. ಅದು ನಿಕಲ್ ಬೀಳಲು ಶುರುವಾಗುವ ಪಿಎಚ್. ಪೂರ್ತಿ ಬೀಳಬೇಕಾದರೆ ಹತ್ತರ ಹತ್ತಿರ ಹೋಗಬೇಕು. ಏಕೆಂದರೆ ನೀರಿನಲ್ಲಿ ನಿಕಲ್ ಕಡಿಮೆಯಾದಷ್ಟೂ ಉಳಿದದ್ದನ್ನು ಬೀಳಿಸಲು ಹೆಚ್ಚು ಕ್ಷಾರ ಬೇಕು. ಇದು ನನಗೆ ಗೊತ್ತಿತ್ತು. ಹಾಳೆಯ ಮೂಲೆಯಲ್ಲಿ 'ಆರಂಭ' ಎಂದು ಇರುವೆಯಷ್ಟು ಸಣ್ಣದಾಗಿ ಬರೆದೂ ಇದ್ದೆ. ಮರುದಿನ ತೊಟ್ಟಿಯ ಗೋಡೆಯ ಮೇಲೆ ಕೆಂಪು ಬಣ್ಣದಲ್ಲಿ 7.63 ಬಂತು. 'ಆರಂಭ' ಬರಲಿಲ್ಲ. ನಾನು ಬಾಯಿ ಬಿಡಲಿಲ್ಲ. ಮೂರು ತಿಂಗಳ ಮೇಲೆ, ಆಯುಧಪೂಜೆಯ ದಿನ ಮ್ಯಾನೇಜರು ನನಗೆ ಶಾಲು ಹೊದಿಸಿ, "ಇವರ ಲೆಕ್ಕದಿಂದ ನಮ್ಮಲ್ಲಿ ಕೆಸರೇ ಕಮ್ಮಿಯಾಗಿದೆ" ಎಂದು ಹೊಗಳಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಕೈಮುಗಿದೆ.

ಶಾಲು ಮಡಚುತ್ತಿದ್ದಾಗ ಮಲ್ಲಮ್ಮ ಬಂದರು.

"ಸಾಹೇಬ್ರ, ಮದಲ ದಿನಕ್ಕ ಎಂಟು ಬುಟ್ಟಿ ರಾಡಿ ತೆಗೀತಿದ್ನಿ. ಈಗ ಮೂರು ಬುಟ್ಟೀನೂ ಆಗವಲ್ದು. ನಲ್ಲಿ ಮದಲಿನಷ್ಟ ತೊಳೀತಾರ. ಉಳಿದದ್ದು ಎಲ್ಲಿ ಹೊಂಟೈತ್ರಿ?"

ಆ ಎಂಟು ಬುಟ್ಟಿಯಲ್ಲಿ ಸುಣ್ಣದ್ದೂ ಸ್ವಲ್ಪ ಇತ್ತು ಎಂದು ಹೇಳಿ ಜಾರಿಕೊಳ್ಳಬಹುದಿತ್ತು.

"ಮೋರಿಗೆ ಹೋಗ್ತಿದೆ, ಮಲ್ಲಮ್ಮ."

"ನಿಮಗ ಗೊತ್ತಿತ್ತೇನ್ರಿ?"

"ಗೊತ್ತಿತ್ತು."

ಅವರು ನನ್ನನ್ನು ಬೈಯಲಿಲ್ಲ. "ಹಂಗಾರ ಮದಲನೇ ದಿನಾನ ಹೇಳ್ಬೇಕಿತ್ತಲ್ರಿ" ಎಂದು ಬುಟ್ಟಿ ಎತ್ತಿಕೊಂಡು ಹೋದರು.

ಮ್ಯಾನೇಜರ ಬಳಿ ಹೋಗಿ ಹೇಳಿದೆ. "ನಂಬರ್ ಕೊಟ್ಟೋರು ನೀವೇ ಅಲ್ವಾ? ಶಾಲು ಹಾಕಿಸ್ಕೊಂಡೋರೂ ನೀವೇ" ಎಂದರು. ಅವರು ಆಡಿದ ಒಂದೇ ಬುದ್ಧಿವಂತಿಕೆಯ ಮಾತು ಅದು. ನಾನೇ ಹೋಗಿ ಗೋಡೆಯ ಅಂಕಿ ಅಳಿಸಿ ಹತ್ತು ಎಂದು ಬರೆದೆ. ಮಲ್ಲಮ್ಮನೂ ನಾನೂ ಸೇರಿ ಸುಣ್ಣ ಸುರಿದೆವು. ಮರುದಿನ ಎಂಟು ಬುಟ್ಟಿ ಕೆಸರು ಬಂತು. ಅದರ ಮರುದಿನ ನನ್ನ ಕೆಲಸ ಹೋಯಿತು. ಗೋಡೆಯ ಮೇಲೆ ಆಮೇಲೆ ಯಾವ ಅಂಕಿ ಬಂತೋ ತಿಳಿಯದು. ಎರಡು ದಿನದ ಧೈರ್ಯದಿಂದ ಮೂರು ತಿಂಗಳ ನೀರು ವಾಪಸ್ಸು ಬರುವುದಿಲ್ಲ.

ಈಗ ಬೇರೆ ಕಡೆ ಲ್ಯಾಬಿನಲ್ಲಿದ್ದೇನೆ. ಯಾವುದಾದರೂ ಲೋಹ ಎಷ್ಟು ಪಿಎಚ್‌ಗೆ ಬೀಳುತ್ತದೆಂದು ಯಾರಾದರೂ ಕೇಳಿದರೆ ಎರಡು ಸಂಖ್ಯೆ ಬರೆಯುತ್ತೇನೆ: ಶುರುವಾಗುವುದು, ಮುಗಿಯುವುದು. ಎರಡನೆಯದನ್ನು ದಪ್ಪಕ್ಷರದಲ್ಲಿ ಬರೆದು, ಬಾಯಿಬಿಟ್ಟು ಓದಿ ಹೇಳುತ್ತೇನೆ. ಕೇಳಿದವರಿಗೆ ಬೇಸರವಾಗುತ್ತದೆ. ಆದರೂ ಮೊದಲನೆಯ ದಿನವೇ ಹೇಳುತ್ತೇನೆ.