ಹೊಳೆಯಲ್ಲಿ ಗಂಗಲಕ್ಷ್ಮಮ್ಮ, ಒಲೆಯ ಮೇಲೆ ಬಸ್ಸಾರು

ಬೆಳಕು ಹರಿಯುವ ಮೊದಲೇ ಗಂಗಲಕ್ಷ್ಮಮ್ಮ ಬಾಗಿಲಿಗೆ ನೀರು ಹಾಕಿದ್ದಳು, ಕೊಟ್ಟಿಗೆ ಬಾಚಿದ್ದಳು, ಹಸು ಕರೆದು ಡೈರಿಗೆ ಹಾಲು ಹಾಕಿ ಬಂದಿದ್ದಳು, ಅತ್ತೆ ಸಣ್ಣಕ್ಕನಿಗೆ ನೀರು ಕಾಯಿಸಿದ್ದಳು. ಆಮೇಲೆ ಹೊಳೆಯಲ್ಲಿ ಈಜಿ ಬರುವ ಇಡೀ ತಂಡಕ್ಕಾಗುವಷ್ಟು ಹುರುಳಿಕಾಳು ಬೇಯಿಸಿ, ಕಟ್ಟು ಬಸಿದು, ಖಾರ ರುಬ್ಬಿ ಬಸ್ಸಾರು ಕುದಿಸಿದಳು. ಇಷ್ಟಾದ ಮೇಲೆ ಸೀರೆಯನ್ನು ಬಿಗಿಯಾಗಿ ಕಚ್ಚೆ ಹಾಕಿ ಈಜಲು ಹೊರಟಳು.

ಜಯಮಂಗಲಿ ಹೊಳೆ ತುಂಬಿ ಹರಿದ ವರ್ಷಗಳಲ್ಲಿ, ನೀರು ಉಳಿಸಿ ಎಂದು ಊರೂರಿಗೆ ಹೇಳುತ್ತಾ ಕೊರಟಗೆರೆ ಕಡೆಯಿಂದ ಮಧುಗಿರಿ ತಾಲ್ಲೂಕಿನ ಸೇತುವೆಯವರೆಗೆ ಈಜುವ ತಂಡವದು. ಅದರಲ್ಲಿ ಹೆಂಗಸು ಇವಳೊಬ್ಬಳೇ. ಚಿಕ್ಕವಳಿದ್ದಾಗ ಅವ್ವ ಬೆನ್ನಿಗೆ ಒಣ ಸೋರೆಬುರುಡೆ ಕಟ್ಟಿ ತೋಟದ ಬಾವಿಗೆ ಇಳಿಸಿದ್ದಳು. ಬಾವಿ ಬತ್ತಿದರೂ ಈಜು ಮೈಯಲ್ಲೇ ಉಳಿದಿತ್ತು.

ದಾರಿಯ ನಡುವೆ ಸಿಗುವುದು ಅವಳದೇ ಊರು. ಹೊಳೆಗೆ ಬಂದವರಿಗೆ ದಡದಲ್ಲೇ ಊಟ ಹಾಕುವುದು ಅಲ್ಲಿಯ ಪದ್ಧತಿ. ಉಣ್ಣುವ ಹೊತ್ತಿಗೆ ಸಾರಿಗೆ ಒಗ್ಗರಣೆ ಹಾಕುವವಳು ಊಟ ಹಾಕುವ ಮನೆಯ ಸೊಸೆ, ಅಂದರೆ ಇವಳು. ಹೋದ ಸಲ ಅವಳು ದಡ ಹತ್ತಿ ಒಗ್ಗರಣೆ ಹಾಕಿ, ಬಡಿಸಿ, ಎಲೆ ಎತ್ತಿ, ಪಾತ್ರೆ ತೊಳೆದು ತಲೆಯೆತ್ತುವಷ್ಟರಲ್ಲಿ ತಂಡದವರು ಸೇತುವೆ ಮುಟ್ಟಿ ಫೋಟೋ ತೆಗೆಸಿಕೊಂಡಿದ್ದರು. ಈ ಸಲ ಆ ಸೇತುವೆ ಅವಳಿಗೆ ಬೇಕಿತ್ತು.

ಕೊರಟಗೆರೆ ಕಡೆ ತಂಡದ ಜೊತೆ ನೀರಿಗಿಳಿದದ್ದೇ ಮೈ ಹಗುರಾಯಿತು. ಸೀರೆಯೊಳಗೆ ಗಾಳಿ ತುಂಬಿ ಉಬ್ಬಿತು.

"ಗಂಗಕ್ಕ, ನಿನಗೆ ಟ್ಯೂಬೇ ಬ್ಯಾಡ ಬುಡು" ಎಂದ ಪಕ್ಕದಲ್ಲಿ ಈಜುತ್ತಿದ್ದ ಚೇತನ್ ಕುಮಾರ್.

"ಬಾಯಿ ಮುಚ್ಕಂಡು ಈಜಪ್ಪ. ನೀರು ಉಳಿಸ್ರಿ ಅಂತ ಹೇಳಾಕೆ ಹೊಂಟೋನು ನೀನೇ ಕುಡ್ದು ಮುಗಿಸೀಯ."

ಊರು ಬಂತು. ಗಂಡಸರು ದಡ ಹತ್ತಿ ಎಲೆಯ ಮುಂದೆ ಕುಳಿತರು. ಗಂಡ ಜಯರಾಮಯ್ಯ ಸೌಟು ಹಿಡಿದು ನೀರಿನಂಚಿಗೆ ಬಂದ.

"ಬಾರೇ, ಒಂದ್ ಒಗ್ಗರಣೆ ಹಾಕ್ಬುಟ್ಟು ಹೋಗೀಯಂತೆ."

"ಎಣ್ಣೆ ಕಾದ್ಮೇಲೆ ಸಾಸಿವೆ ಹಾಕಿ. ಬೆಳ್ಳುಳ್ಳಿ ಜಜ್ಜಿ ಇಟ್ಟಿವ್ನಿ."

"ನಂಗೆಲ್ಲಿ ಬರ್ತದೆ ಅದೆಲ್ಲಾ?"

ಮರದಡಿ ಕೂತಿದ್ದ ಸಣ್ಣಕ್ಕ ಬಾಯಿ ಹಾಕಿದಳು: "ಸಾಸಿವೆ ಸಿಡಿದ್ರೆ ಹೆದರ್ಕಬ್ಯಾಡ ಕಣ್ಲಾ, ಕಚ್ಚಾಕಿಲ್ಲ."

ಎಲೆಗಳ ಮುಂದೆ ನಗು ಹಬ್ಬಿತು. ಸಣ್ಣಕ್ಕನೂ ನಕ್ಕಳು. ಆದರೆ ಸೊಸೆಯ ಕಡೆ ತಿರುಗಿ, "ಆದ್ರೂ ಸೊಸೆ ಇಲ್ದೆ ಬಡಿಸಿದ್ರೆ ಊರೋರು ಏನಂದಾರು ಕಣಮ್ಮ?" ಎಂದಳು.

ಈಜುವವರ ಕಾವಲಿಗೆ ಹಿಂದೆಯೇ ಬರುತ್ತಿದ್ದ ತೆಪ್ಪದಲ್ಲಿ ರೇಣುಕಯ್ಯ ಹುಟ್ಟು ಎತ್ತಿ ಹಿಡಿದು ಕಾದ.

ಗಂಗಲಕ್ಷ್ಮಮ್ಮನ ಕಾಲಿಗೆ ದಡದ ಕೆಸರು ತಾಕುತ್ತಿತ್ತು. ಅವಳು ಯಾರ ಮುಖವನ್ನೂ ನೋಡಲಿಲ್ಲ. ಕೆಸರನ್ನು ಒದ್ದು, ನಡುಹೊಳೆಯ ಕಡೆ ತಿರುಗಿ ಸೇತುವೆಯತ್ತ ಕೈ ಬೀಸಿ ಈಜಿದಳು.