ಭೋಜಣ್ಣನ ಹಲ್ಲು, ಕಾಲೇಜಿನ ಅನುಮತಿ

ಎರ್ಮಾಳಿನ ಮೀನುಗಾರ ಭೋಜಣ್ಣನ ಬಾಯಲ್ಲಿ ಒಂದು ಹಲ್ಲೂ ಉಳಿದಿರಲಿಲ್ಲ. ಆಗ ಕಾಪು ಬಳಿ ಹೊಸ ಖಾಸಗಿ ದಂತ ಕಾಲೇಜೊಂದು ಸರಕಾರದ ಅನುಮತಿಗೆ ಕಾಯುತ್ತಿತ್ತು. ಅದರ ಆಸ್ಪತ್ರೆಗೆ ದಿನವೂ ರೋಗಿಗಳು ಬರುತ್ತಿರಬೇಕೆಂಬುದು ನಿಯಮ. ಹಾಗಾಗಿ ಕಾಲೇಜಿನ ಬಸ್ಸು ಊರೂರಿಗೆ ಬರುತ್ತಿತ್ತು, ಚಿಕಿತ್ಸೆ ಉಚಿತ. ಹೆಂಡತಿ ಮನೋರಮಾ ಗಂಡನನ್ನು ಬಸ್ಸು ಹತ್ತಿಸಿಯೇ ಬಿಟ್ಟರು. ಅಲ್ಲಿನ ಡಾಕ್ಟರ್ ಪ್ರಣೀತಾ ಭೋಜಣ್ಣನಿಗೆ ಹಲ್ಲಿನ ಸೆಟ್ಟು ಮಾಡಿಸಿಕೊಟ್ಟರು.

ಕಾಲೇಜಿನ ತಪಾಸಣೆಗೆ ಬಂದ ಅಧಿಕಾರಿ ಆಸ್ಪತ್ರೆಯಲ್ಲಿ ಕೂತಿದ್ದ ಭೋಜಣ್ಣನನ್ನು, "ನಿಮಗೇನು ತೊಂದರೆ?" ಎಂದು ಕೇಳಿದರು.

"ಈಗ ಎಂತದೂ ಇಲ್ಲ ಸರ್. ಬಂಗುಡೆ ಫ್ರೈ ಚೆನ್ನಾಗಿ ಜಗಿದು ತಿನ್ನುತ್ತೇನೆ!"

ಅಧಿಕಾರಿ ನಕ್ಕರು. ಆದರೆ ಅಧ್ಯಾಪಕರು ಕಡಿಮೆಯೆಂದು ಆ ವರ್ಷ ಅನುಮತಿ ಸಿಗಲಿಲ್ಲ.

"ಬೇಜಾರು ಮಾಡಬೇಡಿ ಡಾಕ್ಟ್ರೇ, ಬಸ್ಸು ಮಾತ್ರ ನಿಲ್ಲಿಸಬೇಡಿ" ಎಂದ ಭೋಜಣ್ಣ, ಊರಿನ ಹಲ್ಲುನೋವಿನವರನ್ನೆಲ್ಲ ಕರೆತಂದರು. ಮರುವರ್ಷ ಅಧ್ಯಾಪಕರು ಸಾಕಷ್ಟಾದರು, ಅನುಮತಿಯೂ ಬಂತು. ತಮ್ಮ ಮಗಳಿಗೇ ಸೀಟು ಸಿಕ್ಕಿದಂತೆ ಭೋಜಣ್ಣ ಊರಿಗೆಲ್ಲ ಲಾಡು ಹಂಚಿದರು.